ಖ್ಮೇರ್ ದೆವ್ವನ ಕಾಫಿ ತೋಟಕ್ಕೆ ತಂದ್ರೆ ಒಗ್ಗುತ್ತಾ?

ಗೋಣಿಕೊಪ್ಪ_ಹುಡುಗ:
ಹೋದ್ವರ್ಷ ಅಂಗ್ಕೋರ್ ನೋಡೋಕೆ ಕಾಂಬೋಡಿಯಾದ ಸಿಯಾಮ್ ರೀಪ್‌ಗೆ ಹೋಗಿದ್ದೆ, ದೇವಸ್ಥಾನಕ್ಕಿಂತ ಟುಕ್‌ಟುಕ್‌ನವ್ನು ಹೇಳಿದ ಕತೆಗಳೇ ತಲೇಲಿ ಕೂತ್ಬಿಟ್ಟಿವೆ. ಅಲ್ಲಿನ ಖ್ಮೇರ್ ಜನರ ದೆವ್ವ 'ಆಪ್' ಅಂತ ಒಂದಿದೆ, ಹಗಲೆಲ್ಲ ಪಕ್ಕದ್ಮನೆ ಹೆಂಗಸಿನ ಥರಾನೇ ಇರ್ತಾಳೆ, ರಾತ್ರಿ ಆದ್ರೆ ತಲೆ ಕಳಚ್ಕೊಂಡು ಕರುಳು ಜೋತಾಡಿಸ್ಕೊಂಡು ಹಾರ್ತಾಳೆ, ಬಾಣಂತಿ ಇರೋ ಮನೆ ಹುಡುಕ್ತಾಳೆ, ಅದ್ಕೆ ಮನೆ ಸುತ್ತ ಮುಳ್ಳು ಹಾಕ್ತಾರಂತೆ, ಕರುಳು ಸಿಕ್ಕಾಕ್ಕೊಳ್ಳುತ್ತೆ ಅಂತ. ಇದನ್ನ ನಮ್ಮ ಕಡೆ ಕಾಫಿ ತೋಟದ ಕೂಲಿಯವ್ರು ಇರೋ ಸಾಲುಮನೆ, ಅಂದ್ರೆ ಲೈನ್‌ಮನೆಗೆ ತಂದು ಸ್ಕ್ರಿಪ್ಟ್ ಬರೀತಿದೀನಿ, 40 ಪುಟ ಆಗಿದೆ. ಫ್ರೆಂಡ್ ಓದಿ 'ದೆವ್ವ ಅವ್ರದ್ದು, ತೋಟ ನಮ್ದು, ಎರಡಕ್ಕೂ ಸಂಬಂಧಾನೇ ಇಲ್ಲ' ಅಂದ. ಏನ್ ಮಾಡ್ಲಿ?

ಮಳೆಗಾಲ_ಮಡಿಕೇರಿ:
ಗುಳಿಗ, ಕುಟ್ಟಿಚಾತ ಎಲ್ಲ ಇಲ್ಲೇ ಇರ್ಬೇಕಾದ್ರೆ ದೆವ್ವ ಇಂಪೋರ್ಟ್ ಯಾಕೆ ಮಾರಾಯ 😄

ಹಳೇ_ಅಕೌಂಟೆಂಟ್:
ನಾನು ಫ್ನೋಮ್ ಪೆನ್‌ನಲ್ಲಿ ಎರಡು ವರ್ಷ ಕೆಲ್ಸ ಮಾಡಿದ್ದೆ. ಆಪ್ ಬಿಡಿ, ನೆಆಕ್ ತಾ ಅನ್ನೋ ಊರು ಕಾಯೋ ದೈವ ನೋಡಿ. ತಾ ಅಂದ್ರೆ ಅಜ್ಜ. ಊರ ಅಂಚಲ್ಲಿ ಮರದ ಕೆಳಗೆ ಒಂದು ಪುಟ್ಟ ಗುಡಿಸ್ಲು, ಒಳಗೆ ಕಲ್ಲೋ ಬೊಂಬೆನೋ, ಮುಂದೆ ಊದುಬತ್ತಿ, ಒಂದು ಲೋಟ ಸಾರಾಯಿ, ನನ್ಗೆ ಮೊದಲ್ನೇ ದಿನಾನೇ ನಮ್ಮ ಕೊಡಗಿನ ಕೈಮಡ (ಹಿರಿಯರ ಗುಡಿ) ನೆನಪಾಯ್ತು. ಪುರ್ಸಾತ್‌ನಲ್ಲಿ ಕ್ಲೇಂಗ್ ಮ್ಯೂಂಗ್ ಅಂತ ಒಬ್ಬ, 16ನೇ ಶತಮಾನದ ದಳಪತಿ, ಸಯಾಮಿನವ್ರ (ಈಗಿನ ಥಾಯ್ಲೆಂಡ್) ಎದುರು ಸೈನ್ಯ ಸಾಲ್ದು ಅಂತ ಈಟಿ ನೆಟ್ಟ ಗುಂಡಿಗೆ ತಾನೇ ಹಾರಿ ಸತ್ತು ದೆವ್ವಗಳ ಸೈನ್ಯ ಕಟ್ಕೊಂಡು ಬಂದ ಅಂತ ಕತೆ, ಇವತ್ತಿಗೂ ಪೂಜೆ ಆಗುತ್ತೆ. ಇನ್ನು ಪ್ಚುಮ್ ಬೆನ್ ಅಂತ ಸತ್ತವ್ರ ಹಬ್ಬ, ಹದಿನೈದು ದಿನ, ಬೆಳಕಾಗೋ ಮುಂಚೆ ಪಗೋಡ ಸುತ್ತ ಕತ್ತಲಲ್ಲಿ ಅನ್ನದ ಉಂಡೆ ಎಸೀತಾರೆ, ಸೂಜಿ ಮೊನೆಯಷ್ಟು ಬಾಯಿರೋ ಪ್ರೇತಗಳಿಗೆ. 1975-79ರ ಖ್ಮೇರ್ ರೂಜ್ ಆಳ್ವಿಕೇಲಿ ಸತ್ತ ಲಕ್ಷಾಂತರ ಜನಕ್ಕೆ ಸಂಸ್ಕಾರಾನೇ ಆಗ್ಲಿಲ್ಲ ನೋಡಿ, ನಮ್ಮ ಆಫೀಸಿನ ಅಡಿಗೆ ಅಜ್ಜಿ ಉಂಡೆ ಎಸೀವಾಗ ಹೆಸರು ಹೇಳೋಳು, ಒಂದಾದ್ಮೇಲೆ ಒಂದು, ಮುಗೀತಾನೇ ಇರ್ಲಿಲ್ಲ. ಕಾರಣಂಗ್ ಕೊಡ್‌ಪ ಅಂತ ನಾವು ಸತ್ತ ಹಿರಿಯರಿಗೆ ಎಡೆ ಕೊಡೋದನ್ನ ಕಂಡವ್ರಿಗೆ ಇದು ಹೊರಗಿನ ಕತೆ ಅನ್ಸಲ್ಲ.

ತೋಟದ_ಮಗಳು:
ನನ್ನದೊಂದು ತಕರಾರು. ಆ ಹೆಂಗಸನ್ನ ಲೈನ್‌ಮನೇಲೇ ಯಾಕೆ ಇಟ್ರಿ, ಸಾಹುಕಾರ್ರ ಬಂಗ್ಲೇಲಿ ಯಾಕಿಲ್ಲ? ನಾನು ಬೆಳೆದಿದ್ದೇ ಲೈನ್‌ಮನೇಲಿ. ಒಂದು ಮಗು ಸತ್ರೆ ಸಾಕು, ಒಂಟಿ ಹೆಂಗ್ಸಿನ ಬಾಗಿಲ ಕಡೆನೇ ಎಲ್ರೂ ನೋಡೋದು, ನೀರಿನ ನಲ್ಲಿ ಹತ್ರ ಅವ್ಳ ಕೊಡ ಆಚೆ ಸರಿಸಿಡ್ತಾರೆ. ಅಲ್ಲೂ ಆಪ್ ಅಂತ ಹೆಸರಿಟ್ಟು ಹೆಂಗಸರನ್ನ ಊರು ಬಿಡಿಸಿದ್ದುಂಟು. ನನ್ಗೆ ಹಾರೋ ತಲೆಗಿಂತ ಆ ಕೊಡಾನೇ ಭಯ.

ಮಳೆಗಾಲ_ಮಡಿಕೇರಿ:
ಅಕ್ಕ ಹೇಳಿದ್ದು ಕರೆಕ್ಟು. ನನ್ನ ಜೋಕ್ ವಾಪಸ್ ತಗೊಂಡೆ.

ಗೋಣಿಕೊಪ್ಪ_ಹುಡುಗ:
ಅಕ್ಕ, ಬಂಗ್ಲೆ ಅಂತ ನನ್ಗೆ ಹೊಳೀಲೇ ಇಲ್ಲ, ನಾಚ್ಕೆ ಆಯ್ತು. ಹಾರೋ ಸೀನೆಲ್ಲ ತೆಗ್ದೆ, 11 ಪುಟ ಉಳೀತು. ಈಗ ಶುರುವಾಗೋದು ನಲ್ಲಿ ಹತ್ರ. ಅಣ್ಣ, ಆ ಅಜ್ಜಿ ಉಂಡೆ ಎಸೀವಾಗ ಚಪ್ಪಲಿ ಬಿಡ್ತಿದ್ರಾ?

ಹಳೇ_ಅಕೌಂಟೆಂಟ್:
ಬಿಡ್ತಿದ್ರು. ಕೆಸರಲ್ಲೇ ಬರಿಗಾಲು.