ಖಬರಸ್ಥಾನದ ಗಡಿ, ನಮ್ಮ ತೋಟದ ಬೇಲಿ: 4 ಸೆಂಟ್ಸ್ ಯಾರದ್ದು?

ಕುಂಬಳೆ ತೋಟ: ಕಾಸರಗೋಡಿನ ಕುಂಬಳೆಯಲ್ಲಿ ನಮ್ಮ ಅಡಿಕೆ ತೋಟಕ್ಕೂ ಪಳ್ಳಿಯ (ಮಸೀದಿಯ) ಖಬರಸ್ಥಾನಕ್ಕೂ ನಡುವೆ ಒಂದು ಅಗಳು (ಕಂದಕ) ಇತ್ತು. ಅಜ್ಜನ ಕಾಲದಿಂದ ಅದೇ ಗಡಿ. ಮಳೆಗೆ ದರೆ ಜರಿದು ಈಗ ಅರ್ಧ ಮುಚ್ಚಿದೆ. ಡಿಜಿಟಲ್ ಸರ್ವೆಯಲ್ಲಿ ಗೆರೆ ನಮ್ಮ ಕಡೆಗೆ ಸರಿದು 4 ಸೆಂಟ್ಸ್ ಪಳ್ಳಿಗೆ ಸೇರಿದೆ. ಫಲ ಕೊಡುವ ಹನ್ನೆರಡು ಮರ ಅದರಲ್ಲಿವೆ. ಪಳ್ಳಿಯ ಜಮಾಅತಿನವರ ಜೊತೆ ಇವತ್ತಿನವರೆಗೆ ಒಂದು ಕೆಟ್ಟ ಮಾತು ಬಂದಿಲ್ಲ. 2 ಸೆಂಟ್ಸ್ ಅವರಿಗೆ, 2 ನಮಗೆ ಅಂತ ಬರೆದುಕೊಂಡರೆ ಸಾಕಾ?

ಬದಿಯಡ್ಕ ಕೃಷಿಕ: ಬರೆಯುವುದೆಲ್ಲ ಬೇಡ. ಸೀದಾ ಮುನ್ಸೀಫ್ ಕೋರ್ಟಿಗೆ ಹೋಗಿ ತಡೆಯಾಜ್ಞೆ ತನ್ನಿ. ಇವತ್ತು 4 ಸೆಂಟ್ಸ್, ನಾಳೆ ತೋಟವೇ. ಎರ್ನಾಕುಳಂ ಜಿಲ್ಲೆಯ ಮುನಂಬದಲ್ಲಿ ವಕ್ಫ್ ತಕರಾರಿನಿಂದ ಸುಮಾರು 600 ಮನೆಯವರು ಪಟ್ಟ ಪಾಡು ನೋಡಿದ್ದೀರಲ್ಲ.

ಉಪ್ಪಳದವ: ಅಣ್ಣ, ಮುನಂಬ ಬೇರೆ. ಅಲ್ಲಿ 1950ರ ದಸ್ತಾವೇಜಿನ ಜಮೀನು ವಕ್ಫೋ (ಧರ್ಮಕಾರ್ಯಕ್ಕೆ ಶಾಶ್ವತವಾಗಿ ಬಿಟ್ಟ ಆಸ್ತಿ) ಬರೀ ದಾನವೋ ಅನ್ನುವುದೇ ಜಗಳ. ಇಲ್ಲಿ ಖಬರಸ್ಥಾನ ವಕ್ಫ್ ಅನ್ನುವುದರಲ್ಲಿ ಯಾರಿಗೂ ತಕರಾರಿಲ್ಲ. ಗೆರೆ ಎಲ್ಲಿ ಅನ್ನುವುದಷ್ಟೇ ಪ್ರಶ್ನೆ. ನಾನೂ ಒಂದು ಜಮಾಅತ್ ಕಮಿಟಿಯಲ್ಲಿದ್ದೇನೆ. ಹೆದರಿಕೆ ನಮಗೂ ಇದೆ. ಅಲ್ಲಿ ನಮ್ಮ ಹಿರಿಯರು ಮಲಗಿದ್ದಾರೆ. ಒಂದು ಅಡಿ ಬಿಟ್ಟರೂ ಊರಿಗೆ ಉತ್ತರ ಕೊಡಬೇಕು. 2 ಸೆಂಟ್ಸ್ ಕೊಡುವ ಹಕ್ಕು ಕಮಿಟಿಗೆ ಇಲ್ಲವೇ ಇಲ್ಲ.

ಮಂಜೇಶ್ವರ ವಕೀಲ: ಇವರು ಹೇಳಿದ್ದು ಸರಿ. 2013ರ ತಿದ್ದುಪಡಿಯ ನಂತರ ವಕ್ಫ್ ಜಮೀನನ್ನು ಮಾರಿದರೂ, ದಾನ ಕೊಟ್ಟರೂ, ಅದಲುಬದಲು ಮಾಡಿದರೂ ಅದು ನಿಲ್ಲುವುದಿಲ್ಲ. ಹಕ್ಕಿನ ಕೇಸಿನಲ್ಲಿ ಮುತವಲ್ಲಿ (ವಕ್ಫ್ ಆಸ್ತಿ ನೋಡಿಕೊಳ್ಳುವವರು) ರಾಜಿಯಾಗಬೇಕಾದರೂ ವಕ್ಫ್ ಕಾಯ್ದೆಯ 93ನೇ ಕಲಮಿನ ಪ್ರಕಾರ ವಕ್ಫ್ ಬೋರ್ಡಿನ ಒಪ್ಪಿಗೆ ಬೇಕು. ಎರಡೆರಡು ಸೆಂಟ್ಸ್ ಹಂಚಿಕೊಂಡ ಕಾಗದ ನಾಳೆ ನಿಮ್ಮ ಮಕ್ಕಳನ್ನು ಕಾಯುವುದಿಲ್ಲ. ಮುನ್ಸೀಫ್ ಕೋರ್ಟಿನ ದಾರಿಗೆ ಅದೇ ಕಾಯ್ದೆಯ 85ನೇ ಕಲಂ ಅಡ್ಡ ಬರುತ್ತದೆ, ಇಂಥ ಜಗಳ ವಕ್ಫ್ ಟ್ರಿಬ್ಯೂನಲ್ಲಿಗೇ ಹೋಗಬೇಕು. ಟ್ರಿಬ್ಯೂನಲ್ ಇರುವುದು ಕೋಯಿಕ್ಕೋಡಿನಲ್ಲಿ. 4 ಸೆಂಟ್ಸಿಗೆ ಎಷ್ಟು ಸಲ ರೈಲು ಹತ್ತುತ್ತೀರಿ?

ಬದಿಯಡ್ಕ ಕೃಷಿಕ: 12 ವರ್ಷಕ್ಕಿಂತ ಜಾಸ್ತಿ ಸ್ವಾಧೀನ ಇದೆಯಲ್ಲ ವಕೀಲರೇ? 2025ರ ತಿದ್ದುಪಡಿಯಲ್ಲಿ 107ನೇ ಕಲಂ ಬದಲಿಸಿ, ವಕ್ಫ್ ಜಮೀನಿಗೂ ದಾವೆ ಹೂಡುವ ಕಾಲಮಿತಿ ತಂದಿದ್ದಾರೆ.

ಮಂಜೇಶ್ವರ ವಕೀಲ: ತಂದಿದ್ದಾರೆ. ಸುಪ್ರೀಂ ಕೋರ್ಟ್ ಕೂಡ 2025ರ ಸೆಪ್ಟೆಂಬರ್ 15ರ ಮಧ್ಯಂತರ ಆದೇಶದಲ್ಲಿ ಅದನ್ನು ತಡೆದಿಲ್ಲ. ಆದರೆ ಆ ವಾದ ಎತ್ತಿದರೆ ‘ಜಮೀನು ಅವರದ್ದು, ನಾನು ಅನುಭವಿಸಿಕೊಂಡು ಬಂದೆ’ ಅಂತ ನೀವೇ ಒಪ್ಪಿದ ಹಾಗೆ. ತೋಟದವರು ಹೇಳುತ್ತಿರುವುದು ಅದಲ್ಲ. ಗಡಿ ಮೊದಲಿಂದಲೂ ಅಲ್ಲೇ ಇತ್ತು ಅಂತ ಅಲ್ವಾ?

ನಿವೃತ್ತ ಸರ್ವೇಯರ್: ಕೋರ್ಟು ಆಮೇಲೆ. ಕೇರಳದ ಸರ್ವೆ ಕಾಯ್ದೆಯ 9(2) ನೋಟಿಸ್, ಅಳೆದ ಗಡಿಯನ್ನು ತಿಳಿಸುವುದು, ಬಂದಿದೆಯಾ?

ಕುಂಬಳೆ ತೋಟ: ಬಂದಿದೆ, ಮಲಯಾಳದಲ್ಲಿ. ಮನೆಯಲ್ಲಿ ಯಾರಿಗೂ ಓದಲು ಬರುವುದಿಲ್ಲ. ಹಾಗೇ ಕಪಾಟಿನಲ್ಲಿಟ್ಟಿದ್ದೆವು.

ನಿವೃತ್ತ ಸರ್ವೇಯರ್: ಇದೇ ನನಗೆ ಸಂಕಟ. ನಮ್ಮ ಕನ್ನಡದವರ ಎಷ್ಟೋ ಜಾಗ ಹೀಗೆ ಕಪಾಟಿನಲ್ಲೇ ತಪ್ಪಿಹೋಗುತ್ತದೆ. ಇವತ್ತೇ ಯಾರಿಂದಾದರೂ ಓದಿಸಿ, ಆಕ್ಷೇಪಣೆಗೆ ಕೊನೆಯ ದಿನ ನೋಡಿ. ಅದೇ ಸರ್ವೆ ಕಾಯ್ದೆಯ 13ನೇ ಕಲಮಿನ ಅಂತಿಮ ಪ್ರಕಟಣೆ ಆದ ಮೇಲೆ ತಿದ್ದಿಸುವುದು ದೊಡ್ಡ ಓಡಾಟ. ಮತ್ತೆ ಒಂದು ಮಾತು. ರೋವರ್ ಯಂತ್ರಕ್ಕೆ ಹಳೇ ಗಡಿ ಗೊತ್ತಿಲ್ಲ. ನೆಲದಲ್ಲಿ ಯಾವ ಗೆರೆ ತೋರಿಸಿದರೋ ಅದನ್ನೇ ಅಳೆಯುತ್ತದೆ. ಅಗಳು ಮುಚ್ಚಿದ ಕಡೆ ಯಾರೋ ಬೇಲಿ ತೋರಿಸಿರಬೇಕು. ಹಳೇ ಎಫ್‌ಎಂಬಿ (ಸರ್ವೆಯ ಅಳತೆ ಪುಸ್ತಕದ) ನಕ್ಷೆಯ ಪ್ರತಿ ತೆಗೆಸಿ. 1956ರ ನವೆಂಬರ್‌ವರೆಗೆ ನಾವು ದಕ್ಷಿಣ ಕನ್ನಡ ಜಿಲ್ಲೆಯಲ್ಲಿದ್ದವರು, ಆಗಿನ ದಸ್ತಾವೇಜು ಕನ್ನಡದಲ್ಲೇ ಇರುತ್ತದೆ. ಚಕ್ಕುಬಂದಿಯಲ್ಲಿ ‘ಅಗಳು’ ಅಂತ ಬರೆದಿದ್ದರೆ ಅದಕ್ಕಿಂತ ಒಳ್ಳೆಯ ಸಾಕ್ಷಿ ಇಲ್ಲ. ಪಳ್ಳಿಯವರ ಕಾಗದವನ್ನೂ ಪಕ್ಕದಲ್ಲಿಟ್ಟು ಓದಿ. ಆಮೇಲೆ ಇಬ್ಬರೂ ಒಟ್ಟಿಗೆ ನಿಂತು ಮೂಲೆಯ ಸರ್ವೆ ಕಲ್ಲು ಹುಡುಕಿ.

ಉಪ್ಪಳದವ: ಹೀಗಾದರೆ ಕಮಿಟಿಗೂ ಸುಲಭ. ಜಾಗ ಬಿಟ್ಟುಕೊಡುವುದಲ್ಲ, ಇದ್ದ ಗಡಿ ಗುರುತಿಸುವುದು. ನಮ್ಮವರು ವಕ್ಫ್ ಆಸ್ತಿ ದಾಖಲಿಸುವ ಕೇಂದ್ರ ಸರ್ಕಾರದ ಉಮೀದ್ ಪೋರ್ಟಲಿನಲ್ಲಿ ತುಂಬಿದ ವಿಸ್ತೀರ್ಣಕ್ಕೂ ಹಳೇ ಕಾಗದಕ್ಕೂ ತಾಳೆಯಾಗುತ್ತಾ ಅಂತಲೂ ನೋಡಬಹುದು. ಬೋರ್ಡಿಗೆ ಒಂದು ಪತ್ರ ಮೊದಲೇ ಹಾಕಲಿ.

ಬದಿಯಡ್ಕ ಕೃಷಿಕ: ಸರಿ. ಆದರೆ ಬಾಯಿಮಾತು ನಂಬಬೇಡಿ. ಕಲ್ಲು ಸಿಕ್ಕಿದ ಜಾಗದಲ್ಲೇ ಮಹಜರು ಬರೆದು ಎರಡೂ ಕಡೆಯವರ ಸಹಿ ಹಾಕಿಸಿ.

ಕುಂಬಳೆ ತೋಟ: ನೋಟಿಸ್ ಓದಿಸಿದೆ. ಇನ್ನೂ ಒಂಬತ್ತು ದಿನ ಇದೆ. ಕಮಿಟಿ ಸೆಕ್ರೆಟರಿಗೂ ಫೋನ್ ಮಾಡಿದೆ. ಪಳ್ಳಿಯ ಕೆಲಸ ನೋಡಿಕೊಳ್ಳುತ್ತಿದ್ದ ಹಳೇ ಮುಕ್ರಿಯವರಿಗೆ ಕಲ್ಲಿನ ಜಾಗ ನೆನಪಿದೆಯಂತೆ, ಹಲಸಿನ ಮರದ ಬುಡದಲ್ಲಿ. ಶನಿವಾರ ಬೆಳಿಗ್ಗೆ ಹಾರೆ ಹಿಡಿದು ಹೋಗುತ್ತೇವೆ. ಸರ್ವೇಯರ್ ಅಣ್ಣ, ನೀವೂ ಬರುತ್ತೀರಾ?