ಸಹಾಯ ಬೇಕು: ಕಿವಿ ಕೇಳದ ಬೆಕ್ಕಿಗೆ ರಾತ್ರಿ ಉತ್ತರ ಕೊಡುವುದು ಹೇಗೆ?

ಗುಂಪಿನ ಎಲ್ಲರಿಗೂ ನಮಸ್ಕಾರ. ನಮ್ಮ 14 ವರ್ಷದ ಹೆಣ್ಣು ಬೆಕ್ಕಿಗೆ ಕಿವಿ ಕೇಳಿಸದಾಗಿ ಮೂರು ತಿಂಗಳಾಯಿತು. ಅಂದಿನಿಂದ ನಡುರಾತ್ರಿ ಎದ್ದು, ಬಾಗಿಲ ಬಳಿ ನಿಂತು, ಹಿಂದೆಂದೂ ಕೇಳದಷ್ಟು ಗಟ್ಟಿಯಾಗಿ ಎಳೆದೆಳೆದು ಕೂಗುತ್ತಾಳೆ; ಎದುರಿಗೆ ಹೋಗಿ ಕುಳಿತರೆ ಮಾತ್ರ ಬಾಲವನ್ನು ನೆಟ್ಟಗೆತ್ತಿಕೊಂಡು ಬಂದು, ಹಣೆಯನ್ನು ನನ್ನ ಮೊಣಕೈಗೆ ಉಜ್ಜಿ ಸುಮ್ಮನಾಗುತ್ತಾಳೆ. ಪಶುವೈದ್ಯರು ಥೈರಾಯ್ಡ್, ರಕ್ತದೊತ್ತಡ ಎರಡನ್ನೂ ಪರೀಕ್ಷಿಸಿ ತೊಂದರೆಯಿಲ್ಲ ಎಂದಿದ್ದಾರೆ (ವಯಸ್ಸಾದ ಬೆಕ್ಕು ರಾತ್ರಿ ಕೂಗತೊಡಗಿದರೆ ಇವೆರಡನ್ನೂ ಮೊದಲು ನೋಡಿಸಲೇಬೇಕು).

ಬೆಳೆದ ಬೆಕ್ಕುಗಳು ತಮ್ಮತಮ್ಮಲ್ಲಿ ಮಿಯಾಂವ್ ಎನ್ನುವುದು ಬಹಳ ಕಡಿಮೆ; ಆ ದನಿ ಹೆಚ್ಚಾಗಿ ಮನುಷ್ಯರಿಗಾಗಿಯೇ ಇರುವುದರಿಂದ, ಅವಳು ಕೂಗುವುದು ನನ್ನನ್ನೇ ಎಂದು ನಂಬಿದ್ದೇನೆ, ಉತ್ತರಿಸಲಾಗದ ಸಂಕಟ ಹೇಳತೀರದು. ನಾವು ಕಣ್ಣನ್ನು ನಿಧಾನವಾಗಿ ಕಿರಿದಾಗಿಸಿ ಮುಚ್ಚಿ ತೆರೆದರೆ ಬೆಕ್ಕುಗಳೂ ಹಾಗೆಯೇ ಸ್ಪಂದಿಸುತ್ತವೆ ಎಂದು ಸಸೆಕ್ಸ್ ವಿಶ್ವವಿದ್ಯಾಲಯದ ಸಂಶೋಧಕರು 2020ರಲ್ಲಿ ಪ್ರಕಟಿಸಿದ್ದನ್ನು ಓದಿ ಪ್ರಯತ್ನಿಸಿದೆ. ಹಗಲಿನಲ್ಲಿ ಅವಳೂ ಕಣ್ಣು ಕಿರಿದಾಗಿಸುತ್ತಾಳೆ. ಆದರೆ ಕತ್ತಲಲ್ಲಿ, ದೂರದಿಂದ, ಬೆಚ್ಚಿಬೀಳಿಸದೆ ‘ನಾನಿಲ್ಲೇ ಇದ್ದೇನೆ’ ಎಂದು ತಿಳಿಸುವುದು ಹೇಗೆ? ನೆಲ ತಟ್ಟಿ ಕಂಪನದಿಂದ ಕರೆಯುವುದನ್ನೋ ಬೆಳಕಿನ ಸನ್ನೆಯನ್ನೋ ಇಂಥ ಬೆಕ್ಕಿಗೆ ಕಲಿಸಿದವರಿದ್ದರೆ, ಎಲ್ಲಿಂದ ಆರಂಭಿಸಿದಿರಿ, ಎಷ್ಟು ದಿನ ಹಿಡಿಯಿತು ಎಂಬುದನ್ನು ದಯವಿಟ್ಟು ವಿವರವಾಗಿ ಬರೆಯಿರಿ.