ಪದಚರ್ಚೆ: ‘ಒಯಾಬುನ್’ಗೆ ಕನ್ನಡ? (ನಾಳೆ ಸಂಜೆಯೊಳಗೆ ಬೇಕು)

ನಮಸ್ಕಾರ. ಕಿಂಜಿ ಫುಕಸಾಕು ಅವರ 1973ರ ‘ಜಿಂಗಿ ನಾಕಿ ತತಕಾಯಿ’ ಚಿತ್ರಕ್ಕೆ ಕನ್ನಡ ಸಬ್‌ಟೈಟಲ್ ಹಾಕುತ್ತಿದ್ದೇನೆ. ನಾಳೆ ಸಂಜೆ ಪ್ರದರ್ಶನ. ಯುದ್ಧ ಸೋತ ಜಪಾನ್, 1946, ಕುರೆ ಬಂದರು, ಬೀದಿಯಲ್ಲಿ ಅಮೆರಿಕದ ಸೈನಿಕರು. ‘ಯಾಮಿಇಚಿ’ಗೆ ಕಾಳಸಂತೆ ಸಲೀಸಾಗಿ ಕೂತಿತು. ತೊಡಕು ‘ಒಯಾಬುನ್’ದು, ಅಂದರೆ ರೌಡಿ ಗುಂಪಿನ ಹಿರಿಯನದು. ‘ಸಾಕೆ’ (ಅಕ್ಕಿಯ ಮದ್ಯ) ಬಟ್ಟಲು ಹಂಚಿಕೊಂಡ ಮೇಲೆ ಅವನು ಅಪ್ಪ, ಉಳಿದವರು ಮಕ್ಕಳು. ‘ಡಾನ್’ ಅಂದರೆ ಮುಂಬೈಗೆ ಹೋಗಿಬಿಡುತ್ತೇವೆ.

> ‘ಡಾನ್’ ಅಂದರೆ

ಬೇಡವೇ ಬೇಡ. ತಲೆಯಾಳು. ಇಲ್ಲವೇ ಒಡೆಯ. ಎರಡೂ ಅಚ್ಚಗನ್ನಡ.

> ತಲೆಯಾಳು

ಯಾವ ರೌಡಿ ಬಾಯಲ್ಲಿ ಕೇಳಿದ್ದೀರಿ ಸ್ವಾಮಿ? ಚಿತ್ರದ ಯಾಮಾಮೊರಿ ಅತ್ತೂ ಕರೆದೂ ಹುಡುಗರನ್ನು ಕೊಲೆಗೆ ಅಟ್ಟುವ ಜುಗ್ಗ. ನಾಯಕ ಹಿರೊನೊ ತಪ್ಪೊಪ್ಪಿಗೆಗೆಂದು ಕಿರುಬೆರಳು ಕತ್ತರಿಸಿಕೊಂಡರೆ ತುಂಡು ಎಲ್ಲೋ ಹಾರುತ್ತದೆ. ಎಲ್ಲರೂ ಅಂಗಳದಲ್ಲಿ ಹುಡುಕುತ್ತಾರೆ, ನೋಡಿದರೆ ಕೋಳಿ ಕುಕ್ಕುತ್ತಿದೆ. ಇಂಥ ಸಂಸಾರದ ಹಿರಿಯನನ್ನು ‘ಒಡೆಯ’ ಅಂದರೆ ಮೈಸೂರಿನವರು ಜಗಳಕ್ಕೆ ಬಂದಾರು. ‘ಧಣಿ’ ಅನ್ನಿ. ಅನ್ನ, ಹಂಗು, ಹೆದರಿಕೆ ಮೂರೂ ಅದರಲ್ಲಿವೆ.

> ‘ಧಣಿ’ ಅನ್ನಿ

ಸಂಸ್ಕೃತದ ‘ಧನಿನ್’. ಬಾಲ ಕತ್ತರಿಸಿದ ಮಾತ್ರಕ್ಕೆ ಕನ್ನಡವಾಗದು.

> ಬಾಲ ಕತ್ತರಿಸಿದ

‘ಒಯಾಬುನ್’ ಕೂಡ ಅರಿಸಮಾಸವೇ. ಒಯಾ ಜಪಾನಿನದು, ಬುನ್ ಚೀನಾದಿಂದ ಬಂದದ್ದು. ‘ಜಿಂಗಿ’ಯಂತೂ ಕನ್‌ಫ್ಯೂಷಿಯಸ್ ಪಂಥದ ಕರುಣೆ-ಧರ್ಮ, ಅದನ್ನೇ ರೌಡಿಗಳು ಎರವಲು ತಂದು ಎದೆಗವಚಿಕೊಂಡರು. ಆ ರೌಡಿಗಳ ಹೆಸರಾದ ‘ಯಾಕುಜಾ’ ಕೂಡ ಬೆರಕೆ ಸರಕೇ. ಅದು ಎಲೆ ಜೂಜಿನ 8-9-3, ಕೂಡಿದರೆ 20, ಎಣಿಕೆಗೆ ಬರುವುದು ಕೊನೆಯ ಸೊನ್ನೆ. ಕೆಲಸಕ್ಕೆ ಬಾರದ ಎಲೆ.

> ಅರಿಸಮಾಸವೇ

ಅವರು ಕೆಟ್ಟರೆ ನಾವೂ ಕೆಡಬೇಕೆ?

ನಡುವೆ ಬಾಯಿ ಹಾಕುತ್ತೇನೆ. ನಿಜವಾದ ಕುರೆಯಲ್ಲಿ ಬೀಡುಬಿಟ್ಟದ್ದು ಹೆಚ್ಚಾಗಿ ಬ್ರಿಟಿಷ್ ಕಾಮನ್‌ವೆಲ್ತ್ ಪಡೆ, ಅದರಲ್ಲೂ ಆಸ್ಟ್ರೇಲಿಯದವರು. ಅದೇ ಪಡೆಯ 268ನೇ ಇಂಡಿಯನ್ ಬ್ರಿಗೇಡನ್ನು ಜಪಾನಿನಲ್ಲಿ ನಡೆಸಿದವರು ನಮ್ಮ ಕೊಡಗಿನ ತಿಮ್ಮಯ್ಯ.

ಎಲ್ಲರಿಗೂ ವಂದನೆ. ಒಯಾಬುನ್ ‘ಧಣಿ’, ಎದುರಿಗೆ ಕರೆಯುವಾಗ ‘ಧಣಿಗಳೇ’, ಅವನ ‘ಮಕ್ಕಳಾದ’ ಕೊಬುನ್‌ಗಳು ‘ಹುಡುಗರು’. ಕಡತ ಕಳಿಸಿಯಾಯಿತು.

> ಬ್ರಿಗೇಡನ್ನು

ಇದಕ್ಕೂ ಕನ್ನಡ ಬೇಡವೇ?

ಮೊದಲು ಎಂ.ಜಿ. ರೋಡಿನ ಪಕ್ಕದ ಫಲಕ ಬದಲಿಸಿ ಬನ್ನಿ, ಆಮೇಲೆ ಮಾತಾಡೋಣ.